ಘಾನಾದ 'ಮೆಜ್ಯೆ ವೊ ಗರ್ಲ್': ರ‍್ಯಾಪ್ ಅಮೆರಿಕದ್ದು, ಡಾನ್ಸ್‌ಹಾಲ್ ಜಮೈಕಾದ್ದು, ಹಾಗಾದ್ರೆ ಇವ್ರದ್ದೇನು?

ತೇಮಾ_ರಿಟರ್ನ್

ಎಲ್ರಿಗೂ ನಮಸ್ಕಾರ. ಮೂರು ವರ್ಷ ಘಾನಾದ ತೇಮಾ ಬಂದರಿನ ಹತ್ರ ಕೆಲಸ ಮಾಡ್ಕೊಂಡಿದ್ದು ಈಗ ಊರಿಗೆ ವಾಪಸ್ ಬಂದಿದೀನಿ. ಅಲ್ಲಿಂದ ಅಂಟಿಸ್ಕೊಂಡು ಬಂದಿದ್ದು ಎರಡು. ಒಂದು, ಶಿಟೋ ಅನ್ನೋ ಕರಿ ಖಾರದ ಚಟ. ಇನ್ನೊಂದು, ಸಾರ್ಕೋಡಿ ಮತ್ತೆ ಶಾಟಾ ವಾಲೆ ಸೇರಿ 2014ರಲ್ಲಿ ಮಾಡಿದ 'ಮೆಜ್ಯೆ ವೊ ಗರ್ಲ್' ಹಾಡು. ಸಾರ್ಕೋಡಿ ಅಲ್ಲಿಯ ತ್ವಿ ಭಾಷೇಲಿ ರ‍್ಯಾಪ್ ಮಾಡೋ ತೇಮಾದವನೇ. ಶಾಟಾ ವಾಲೆ ರಾಜಧಾನಿ ಆಕ್ರಾದವನು, ಜಮೈಕಾದ ಕುಣಿತದ ಸಂಗೀತವಾದ ಡಾನ್ಸ್‌ಹಾಲ್ ಹಾಡುಗಾರ.

ಮೊದಲ ಸಲ ಕೇಳಿದ್ದು ಟ್ರೋಟ್ರೋದಲ್ಲಿ. ನಮ್ಮ ಕಡೆ ಮಟಡೋರ್ ಇದ್ದ ಹಾಗೆ, ಹಳೇ ವ್ಯಾನು, ಸೀಟಿಗೆ ನಾಲ್ಕು ಜನ. ಬಾಗಿಲಲ್ಲಿ ನೇತಾಡೋ ಕ್ಲೀನರ್‌ಗೆ ಅಲ್ಲಿ 'ಮೇಟ್' ಅಂತಾರೆ. 'ಸರ್ಕ್ ಸರ್ಕ್ ಸರ್ಕ್' ಅಂತ ಕೂಗ್ತಾ ಬೆರಳು ಕೆಳಗೆ ಮಾಡಿ ಗಾಳೀಲಿ ಸೊನ್ನೆ ಸುತ್ತಿಸಿದ್ರೆ ಬಂಡಿ ಆಕ್ರಾದ ಸರ್ಕಲ್‌ಗೆ ಹೋಗುತ್ತೆ ಅಂತ ಅರ್ಥ. ಅವತ್ತು ರೇಡಿಯೋದಲ್ಲಿ ಈ ಹಾಡು ಬಂತು. ಶಾಟಾ ಭಾಗಕ್ಕೆ ಹಿಂದಿನ ಸೀಟಿನ ಹುಡುಗ್ರೆಲ್ಲ ಗಲಾಟೆ. ಸಾರ್ಕೋಡಿ ಶುರು ಮಾಡಿದ ತಕ್ಷಣ ಮೇಟ್ ಚಿಲ್ಲರೆ ಎಣಿಸೋದು ನಿಲ್ಲಿಸಿದ. ತೊಡೆ ಮೇಲೆ ಮೀನಿನ ಬೇಸಿನ್ ಇಟ್ಕೊಂಡಿದ್ದ ಅಜ್ಜಿ ಒಬ್ಬರು ಒಂದು ಸಾಲಿಗೆ ಕಿಸಕ್ಕನೆ ನಕ್ಕರು. ಆ ಅಜ್ಜಿ ಯಾಕೆ ನಕ್ಕರು ಅಂತ ಇವತ್ತಿಗೂ ತಲೆ ಕೊರೀತಿದೆ.

ಮೊನ್ನೆ ಕಾರಲ್ಲಿ ಇದನ್ನ ಹಾಕಿದ್ರೆ ನಮ್ಮ ಬಾವಮೈದ, "ಎರಡೂ ಎರವಲು ಮಾಲು ಬಾವ, ಇದರಲ್ಲಿ ಅವರ ಸಂಸ್ಕೃತಿ ಎಲ್ಲಿ ಬಂತು?" ಅಂದ. ನಂಗೆ ಉತ್ತರ ಗೊತ್ತು, ಬಾಯಿಗೆ ಬರ್ತಿಲ್ಲ. ಬಲ್ಲವರು ಹೇಳಿ.

ಸುಮ್ನೆ_ಓದೋಳು

ಬಾವಮೈದನಿಗೆ ಹೇಳಿ, ಮೆಣಸಿನಕಾಯಿನೂ ಎರವಲೇ. ಬ್ಯಾಡಗಿಯವರ ಮುಂದೆ ಹೋಗಿ ಹೇಳಲಿ ನೋಡೋಣ.

ಸೌಂಡ್‌ಬಾಕ್ಸ್_ಶಿವು

ಗುರು, ಮೊದಲು ಒಂದು ತಿದ್ದುಪಡಿ. ಅದು 'ತ್ವಿ' ಅಂತ ಬರೆದ್ರೂ ಬಾಯಲ್ಲಿ 'ಚ್ವಿ' ಹತ್ರ ಬರುತ್ತೆ. ಇನ್ನೊಂದು, ಇವರಿಬ್ಬರೇ ಮೊದಲಿಗರು ಅಂದ್ಕೋಬೇಡಿ.

ತ್ವಿ ರ‍್ಯಾಪ್‌ಗೆ ಹೆಸರು ಕೊಟ್ಟಿದ್ದು ರೆಜಿ ರಾಕ್‌ಸ್ಟೋನ್. ಲಂಡನ್ನಿಂದ ವಾಪಸ್ ಬಂದು 1997ರಲ್ಲಿ 'ಮಕಾ ಮಕಾ' ಆಲ್ಬಂ ತಂದ. ಹಿಪ್‌ಹಾಪ್ ಜೊತೆ ಘಾನಾದ ಹಳೇ ಜನಪ್ರಿಯ ಸಂಗೀತ ಹೈಲೈಫ್ ಸೇರಿಸಿ 'ಹಿಪ್‌ಲೈಫ್' ಅಂತ ಕರೆದ್ರು. ಇವತ್ತಿಗೂ ಆತನಿಗೆ ಅಲ್ಲಿ 'ಹಿಪ್‌ಲೈಫ್ ತಾತ' ಅಂತಲೇ ಹೆಸರು. ಡಾನ್ಸ್‌ಹಾಲ್ ಕಡೆ ಶಾಟಾಗಿಂತ ಮುಂಚೆ ಸಮಿನಿ ಇದ್ದ. ಆಗ ಬ್ಯಾಟ್‌ಮನ್ ಸಮಿನಿ ಅಂತಿದ್ರು. 2006ರಲ್ಲೇ ಬ್ರಿಟನ್ನಿನ ಮೊಬೊ ಸಂಗೀತ ಪ್ರಶಸ್ತಿ ತಗೊಂಡವನು. ಅವನ ಗರಡೀಲಿ ಬೆಳೆದ ಸ್ಟೋನ್‌ಬ್ವಾಯ್, ಅದೇ 2014ರಲ್ಲಿ ಇದೇ ಸಾರ್ಕೋಡಿ ಜೊತೆ 'ಬಾಫಿರಾ' ಮಾಡಿದ. ಅಂದ್ರೆ ಒಂದೇ ವರ್ಷ ಒಬ್ಬನೇ ರ‍್ಯಾಪರ್ ಇಬ್ಬರು ಡಾನ್ಸ್‌ಹಾಲ್ ಎದುರಾಳಿಗಳ ಜೊತೆ ಹಾಡಿದಾನೆ. ಸುದ್ದಿ ಅಲ್ಲಿದೆ.

ಮಣ್ಣಿನ_ವಾಸ್ನೆ

ರೆಜಿಗೂ ಮುಂಚೆ ಜೀದು ಬ್ಲೇ ಆಂಬೋಲಿ ಇದ್ದಾರಲ್ಲ ಶಿವು. 1973ರಲ್ಲೇ ಹೈಲೈಫ್-ಫಂಕ್ ತಾಳದ ಮೇಲೆ ಫಾಂಟೆ ಮಾತಲ್ಲಿ ಮಾತಾಡಿದ ಹಾಗೆ ಹಾಡಿದೋರು. ಫಾಂಟೆ, ತ್ವಿ ಎಲ್ಲ ಅಕಾನ್ ಜನರ ಮಾತುಗಳು, ಒಂದೇ ಬಳ್ಳಿಯ ಕಾಯಿಗಳೇ. ರ‍್ಯಾಪ್ ನಮ್ಮಿಂದಲೇ ಅಮೆರಿಕಕ್ಕೆ ಹೋಯ್ತು ಅಂತ ಆಂಬೋಲಿ ಇವತ್ತಿಗೂ ವಾದ ಮಾಡ್ತಾರೆ.

ಸೌಂಡ್‌ಬಾಕ್ಸ್_ಶಿವು

ವಾದ ಮಾಡ್ತಾರೆ, ಹೌದು. ಒಪ್ಪೋದು ಕಷ್ಟ. ಆದರೆ 1973 ಅನ್ನೋದು ಸರಿ, ಆ ಪಾಯಿಂಟ್ ನಿಮ್ಮದು.

ಪ್ರಾಸಪ್ರಿಯೆ

ಒಂದು ನಿಮಿಷ. 'ಮೆಜ್ಯೆ ವೊ ಗರ್ಲ್' ಅಂದ್ರೆ 'ನಿನ್ನ ಹುಡುಗೀನ ನಾನು ತಗೊಂಡ್ಹೋಗ್ತೀನಿ' ಅಂತ ತಾನೆ? ಇದಕ್ಕಾ ನೀವೆಲ್ಲ ಸಾಂಸ್ಕೃತಿಕ ಮಹತ್ವ ಹುಡುಕ್ತಿರೋದು? ಹುಡುಗಿ ಅಂದ್ರೆ ಟ್ರೋಟ್ರೋ ಸೀಟಾ, ಅವನೆದ್ದ ಇವನು ಕೂತ ಅನ್ನೋಕೆ?

ತೇಮಾ_ರಿಟರ್ನ್

ಅಕ್ಕಾ, ಅರ್ಥ ಅದೇ. ಅಲ್ಲಗಳೆಯಲ್ಲ. ಬಡಾಯಿ ಹಾಡು ಅದು, 'ನನ್ನ ಮುಂದೆ ನೀನ್ಯಾವ ಲೆಕ್ಕ' ಅನ್ನೋ ಥರ.

ಹಾವೇರಿ_ಹುಡ್ಗ

ಅಲ್ರೀ ಅಕ್ಕಾರ, ನಮ್ಮ ಕಡೆ ಹರದೇಶಿ-ನಾಗೇಶಿ ಮ್ಯಾಳ ಕೇಳೀರೇನು? ರಾತ್ರಿ ಪೂರ್ತಿ ಗಂಡು ಹೆಚ್ಚೋ ಹೆಣ್ಣು ಹೆಚ್ಚೋ ಅಂತ ಒಬ್ಬರಿಗೊಬ್ಬರು ಹಾಡಿನ್ಯಾಗ ಬೈದಾಡ್ತಾರ. ಬೆಳಗ್ಗೆ ಒಂದ ತಾಟಿನ್ಯಾಗ ಅವಲಕ್ಕಿ ತಿಂತಾರ. ಹಾಡಿನ ಬಡಾಯಿ ಹಾಡಿಗಷ್ಟ ಬಿಡ್ರಿ.

ಪ್ರಾಸಪ್ರಿಯೆ

ವ್ಯತ್ಯಾಸ ಇದೆ ತಮ್ಮಾ. ಅಲ್ಲಿ ನಾಗೇಶಿಗೂ ಬಾಯಿ ಇದೆ, ಅವಳು ತಿರುಗಿಸಿ ಹೇಳ್ತಾಳೆ. ಈ ಹಾಡಲ್ಲಿ ಆ 'ಗರ್ಲ್' ಬಾಯೇ ಬಿಡಲ್ಲ. ಹಾಡು ಚೆನ್ನಾಗಿದೆ ಅನ್ನಿ, ಒಪ್ತೀನಿ. ಪೂಜೆ ಮಾಡ್ಬೇಡಿ.

ಹೋಗ್ಲಿ, ಕೇಳಿದ್ದಂತೂ ಆಯ್ತು, ಒಂದು ವಿಷ್ಯ ಹಿಡೀತು. ತ್ವಿಯಲ್ಲಿ 'ನಾನು' ಅನ್ನೋದು ಕ್ರಿಯಾಪದದ ತಲೆಗೇ ಅಂಟುತ್ತೆ. ಮೆ ನಾನು, ಜ್ಯೆ ತಗೊಳ್ಳೋದು, ವೊ ನಿನ್ನ. ನಮ್ಮಲ್ಲಿ ಆ 'ನಾನು' ಬಾಲಕ್ಕೆ ಅಂಟುತ್ತೆ: ತಗೊಳ್ತೀನಿ, ಹೋಗ್ತೀನಿ, ಹೊಡೀತೀನಿ. ಅದಕ್ಕೇ ಕನ್ನಡ ರ‍್ಯಾಪಲ್ಲಿ ಸಾಲಿನ ಕೊನೆ ಎಲ್ಲ 'ತೀನಿ ತೀನಿ' ಅಂತ ಪುಕ್ಕಟೆ ಪ್ರಾಸ ಸಿಕ್ಕಿ ಬೇಜಾರಾಗುತ್ತೆ. ತ್ವಿಯವನಿಗೆ ಸಾಲಿನ ಕೊನೆಗೆ ಪ್ರತಿ ಸಲ ಬೇರೆ ಪದ ಹುಡುಕಲೇಬೇಕು. ಅಲ್ಲಿ ಹೆಚ್ಚಿನ ಪದ ಸ್ವರದಲ್ಲೋ ಅನುನಾಸಿಕದಲ್ಲೋ ಮುಗಿಯೋದ್ರಿಂದ ಹುಡುಕಿದ್ರೆ ಸಿಗುತ್ತೆ, ಆದರೆ ಹುಡುಕಬೇಕು. ಸಾರ್ಕೋಡಿ ಅಷ್ಟು ವೇಗದಲ್ಲಿ ಹುಡುಕ್ತಾನೆ ಅನ್ನೋದೇ ದೊಡ್ಡದು.

ಸುಮ್ನೆ_ಓದೋಳು

ಬೈಕೊಂಡೇ ಎಷ್ಟು ಸಲ ಕೇಳಿದ್ರಿ ಅಕ್ಕಾ? 😄

ಪ್ರಾಸಪ್ರಿಯೆ

ಆರು. ಯಾರಿಗೂ ಹೇಳ್ಬೇಡ.

ಗಾಂಧಿಬಜಾರ್_ಗುರು

ಎಲ್ಲ ಸರಿ, ಆದ್ರೆ ಮುಖ್ಯ ವಿಷ್ಯ ಬಿಟ್ಟಿದೀರ. ಘಾನಾದ ಅಧಿಕೃತ ಭಾಷೆ ಇಂಗ್ಲಿಷ್ ಒಂದೇ. ಕೋರ್ಟು, ಪಾರ್ಲಿಮೆಂಟು, ಮೇಲಿನ ತರಗತಿಗಳು ಎಲ್ಲ ಹೆಚ್ಚಾಗಿ ಅದರಲ್ಲೇ. ಅಂಥ ಕಡೆ ಊರಿಗೆ ಊರೇ ಕುಣಿಯೋ ಹಾಡು ನಾಡಭಾಷೇಲಿ ಬಂದಿದೆ ಅಂದ್ರೆ ಅದೇ ಮಹತ್ವ. ಮಾತೃಭಾಷೆ ಗೆದ್ದಿದೆ. ಮುಗೀತು ಕಥೆ.

ಮಣ್ಣಿನ_ವಾಸ್ನೆ

ಮುಗೀಲಿಲ್ಲ ಸ್ವಾಮಿ, ಶುರುವಾಗೋದೇ ಇಲ್ಲಿಂದ. ಯಾರ ಮಾತೃಭಾಷೆ?

ಶಾಟಾ ವಾಲೆಯ ನಿಜನಾಮ ಚಾರ್ಲ್ಸ್ ನೀ ಆರ್ಮಾ ಮೆನ್ಸಾ. ಆ 'ನೀ' ಇದೆಯಲ್ಲ, ಅದು ಗಾ ಜನರ ಹೆಸರಲ್ಲಿ ಬರೋದು. ಆಕ್ರಾ ಮೂಲತಃ ಗಾ ಜನರ ನೆಲ. ಸ್ಟೋನ್‌ಬ್ವಾಯ್ ಅಶೈಮಾನ್‌ನಲ್ಲಿ ಬೆಳೆದ, ಎವೆ ಜನಾಂಗದ ಹುಡುಗ. ಸಮಿನಿ ಮನೆತನ ಬಡಗಣ ಘಾನಾದ ವಾ ಕಡೆಯದ್ದು. ಅಂದ್ರೆ ಘಾನಾ ಡಾನ್ಸ್‌ಹಾಲಿನ ಮೂರು ದೊಡ್ಡ ಹೆಸರು ತಗೊಂಡ್ರೆ ಮೂವರೂ ಅಕಾನ್ ಮನೆತನದವರಲ್ಲ. ಆದ್ರೂ ಮೂವರೂ ತ್ವಿಯಲ್ಲಿ ಹಾಡ್ತಾರೆ. ಯಾಕೆ? 2010ರ ಜನಗಣತೀಲಿ ಅಕಾನ್ ಜನ ಶೇಕಡ 47.5. ಉಳಿದವರಲ್ಲೂ ಸಂತೆಗೆ, ಬಸ್ಸಿಗೆ ತ್ವಿ ಬೇಕೇ ಬೇಕು. ಹಾಡು ಮಾರಾಟ ಆಗೋದು ಆ ಭಾಷೇಲಿ.

ಆಕ್ರಾದಲ್ಲಿ ಹುಟ್ಟಿದ ಗಾ ಮನುಷ್ಯನ್ನ ಕೇಳಿ ನೋಡಿ. "ನಮ್ಮೂರಲ್ಲೇ ತರಕಾರಿ ಕೊಳ್ಳೋಕೂ ತ್ವಿ ಬೇಕು" ಅಂತಾನೆ. ಎಲ್ಲೋ ಕೇಳಿದ ಹಾಗಿಲ್ವಾ?

ಗಾಂಧಿಬಜಾರ್_ಗುರು

ಅಯ್ಯೋ. ಅಂದ್ರೆ ತ್ವಿ ಅವ್ರ ಹಿಂದಿ!!

ಮಣ್ಣಿನ_ವಾಸ್ನೆ

ಅಷ್ಟು ಬೇಗ ಹಾರ್ಬೇಡಿ. ತ್ವಿಯನ್ನ ಸರ್ಕಾರ ಹೇರಿದ್ದಲ್ಲ, ಸಂತೆ ಹರಡಿದ್ದು. ಕುರ್ಚಿ ಮೇಲೆ ಇಂಗ್ಲಿಷ್ ಕೂತಿದೆ, ಅದರ ಎದುರು ತ್ವಿನೂ ಸಣ್ಣದೇ. ಗಾ, ಎವೆ ಎದುರು ದೊಡ್ಡದು. ಎರಡೂ ನಿಜ.

ಗಾಂಧಿಬಜಾರ್_ಗುರು

ಹೇರಿದ್ರೇನು ಹರಡಿದ್ರೇನು, ಆಕ್ರಾದ ಗಾ ಅಜ್ಜಿಗೆ ವ್ಯತ್ಯಾಸ ಏನು? ನಾನು ನನ್ನ ಮೊದಲಿನ ಮಾತು ವಾಪಸ್ ತಗೊಂಡೆ. ಈಗ ಹಾಡೇ ಇಷ್ಟ ಆಗ್ತಿಲ್ಲ.

ತೇಮಾ_ರಿಟರ್ನ್

ಗುರುಗಳೇ, ನಿಧಾನ. ನನ್ನ ಜೊತೆ ಕೆಲಸ ಮಾಡ್ತಿದ್ದೋನು ಎವೆ ಹುಡುಗ. ಮನೇಲಿ ಎವೆ, ಕ್ರೇನ್ ಹತ್ರ ಪಿಜಿನ್ ಅನ್ನೋ ಬೆರಕೆ ಇಂಗ್ಲಿಷ್, ಹುಡುಗಿ ಜೊತೆ ತ್ವಿ, ಬಾಸ್ ಜೊತೆ ಇಂಗ್ಲಿಷ್. ಎವೆಯಲ್ಲೇ ರ‍್ಯಾಪ್ ಮಾಡೋ ಎಡೆಮ್ ಅಂತ ಒಬ್ಬ ಇದಾನೆ, ಅವನ ಹಾಡನ್ನ ಎದೆ ತಟ್ಕೊಂಡು ಹಾಕ್ತಿದ್ದ. ಆಮೇಲೆ ಸಾರ್ಕೋಡಿ ಬಂದ್ರೆ ಅದಕ್ಕೂ ಅಷ್ಟೇ ಜೋರಾಗಿ ತಲೆ ಆಡಿಸ್ತಿದ್ದ. "ಇದು ನಿಮ್ಮ ಭಾಷೆ ಅಲ್ವಲ್ಲ?" ಅಂದಿದ್ದಕ್ಕೆ ನನ್ನ ಕಡೆ ನೋಡಿ "ನಿಂದೂ ಅಲ್ವಲ್ಲ, ನೀನ್ಯಾಕೆ ಕುಣೀತೀಯ?" ಅಂದ. ನನ್ನ ಬಾಯಿ ಬಂದ್!

ಕುಡ್ಲದ_ಹಂಚು

ಮಾರಾಯ್ರೆ, ನೀವೆಲ್ಲ ಜಗಳ ಆಡುವಾಗ ನನಗೊಂದು ನೆನಪಾಯ್ತು. ಈ ತ್ವಿ ಭಾಷೆಗೂ ನಮ್ಮ ಮಂಗಳೂರಿಗೂ ನಂಟು ಉಂಟು. ತಮಾಷೆಗಲ್ಲ, ನಿಜಕ್ಕೂ ಉಂಟು.

ಬಾಸೆಲ್ ಮಿಶನ್ ಗೊತ್ತಲ್ಲ? 1834ರಲ್ಲಿ ಮಂಗಳೂರಿಗೆ ಬಂದದ್ದು. ಅದಕ್ಕೆ ಆರು ವರ್ಷ ಮೊದಲು, 1828ರಲ್ಲಿ, ಅದೇ ಮಿಶನ್ನಿನವರು ಗೋಲ್ಡ್ ಕೋಸ್ಟಿಗೆ, ಅಂದರೆ ಇವತ್ತಿನ ಘಾನಾಕ್ಕೆ, ಹೋಗಿದ್ದರು. ಇಲ್ಲಿ ಕಿಟೆಲ್ ಕೂತು ಕನ್ನಡ ನಿಘಂಟು ಮಾಡಿದ ಹಾಗೆ ಅಲ್ಲಿ ಕ್ರಿಸ್ಟಾಲರ್ ಅಂತ ಒಬ್ಬರು ತ್ವಿಗೆ ಮಾಡಿದರು. 1875ರಲ್ಲಿ ವ್ಯಾಕರಣ, 1881ರಲ್ಲಿ ನಿಘಂಟು. ಕಿಟೆಲರದ್ದು 1894. ಅಂದರೆ ತ್ವಿ ನಮ್ಮದಕ್ಕಿಂತ 13 ವರ್ಷ ಹಿರಿದು!

ನಿಘಂಟಿಗಿಂತ ನನಗೆ ದೊಡ್ಡದು ಅನ್ನಿಸುವುದು ಇನ್ನೊಂದು. ಕ್ರಿಸ್ಟಾಲರ್ 1879ರಲ್ಲಿ ತ್ವಿ ಗಾದೆಗಳನ್ನು ಒಟ್ಟು ಮಾಡಿ ಅಚ್ಚು ಹಾಕಿದರು. ಎಷ್ಟು? 3600. ಈ ಅಕಾನ್ ಜನಕ್ಕೆ ಗಾದೆ ಇಲ್ಲದೆ ಮಾತೇ ಇಲ್ಲ. ಅಲ್ಲಿಯ ಅರಸ ಸಭೆಯಲ್ಲಿ ನೇರ ಮಾತಾಡುವುದಿಲ್ಲ, 'ಒಚ್ಯಾಮೆ' ಅಂತ ಕೋಲು ಹಿಡಿದವ ಒಬ್ಬ ಇರುತ್ತಾನೆ, ಅರಸನ ಮಾತನ್ನು ಗಾದೆ ಸೇರಿಸಿ ಚಂದ ಮಾಡಿ ಸಭೆಗೆ ದಾಟಿಸುತ್ತಾನೆ. ತೇಮಾದವರೇ, ನಿಮ್ಮ ಮೀನಿನ ಅಜ್ಜಿ ನಕ್ಕದ್ದು ಇದಕ್ಕೇ ಇರಬೇಕು. ಹುಡುಗ ಹೊಸ ತಾಳದಲ್ಲಿ ಹಳೇ ಗಾದೆಯನ್ನು ತಿರುಚಿ ಹಾಕಿರಬೇಕು, ಅಜ್ಜಿಗೆ ಗುರುತು ಸಿಕ್ಕಿರಬೇಕು.

ತೇಮಾ_ರಿಟರ್ನ್

ಹಂಚಿನ ಸಾರ್, ನಿಮ್ಮ ಕಾಲಿಗೆ ಬಿದ್ದೆ. ಮೂರು ವರ್ಷ ಅಲ್ಲಿದ್ದು ಬಾಸೆಲ್ ಮಿಶನ್ ವಿಷ್ಯ ಗೊತ್ತಿರ್ಲಿಲ್ಲ.

ಹಾವೇರಿ_ಹುಡ್ಗ

ಹಂಗಾದ್ರ ಅಲ್ಲೂ ಮಂಗಳೂರು ಹಂಚ ಮಾಡಿದ್ರೇನು?

ಕುಡ್ಲದ_ಹಂಚು

ಹಂಚಿನ ಕಾರ್ಖಾನೆ ನಮ್ಮ ಮಂಗಳೂರಿನ ಜೆಪ್ಪುವಿನಲ್ಲಿ, 1865. ಘಾನಾದಲ್ಲಿ ಅವರು ಕೋಕೋ ಗಿಡ ನೆಡಲು ನೋಡಿದರು. ನಮಗೆ ಹಂಚು, ಅವರಿಗೆ ಚಾಕಲೇಟು. ಯಾರಿಗೆ ಲಾಭ ಆಯ್ತು ನೀವೇ ಹೇಳಿ.

ಸೌಂಡ್‌ಬಾಕ್ಸ್_ಶಿವು

ಸರಿ, ಹಂಚು ಸಾಕು. ಬಾವಮೈದನ 'ಎರವಲು' ಪ್ರಶ್ನೆಗೆ ನನ್ನ ಉತ್ತರ ಕೇಳಿ.

ಡಾನ್ಸ್‌ಹಾಲ್ ಜಮೈಕಾದ್ದು, ಒಪ್ಪಿದೆ. ಜಮೈಕಾದವರು ಎಲ್ಲಿಂದ ಬಂದ್ರು? ಹಡಗಲ್ಲಿ ತುಂಬಿ ಒಯ್ದ ಗುಲಾಮರಲ್ಲಿ ದೊಡ್ಡ ಪಾಲು ಇದೇ ಗೋಲ್ಡ್ ಕೋಸ್ಟ್ ಜನ. ಅಕಾನ್‌ನಲ್ಲಿ ಮಗು ಹುಟ್ಟಿದ ವಾರದ ಮೇಲೆ ಹೆಸರು. ಗಂಡು ಮಗು ಶುಕ್ರವಾರ ಹುಟ್ಟಿದ್ರೆ ಕೋಫಿ, ವಿಶ್ವಸಂಸ್ಥೆ ಮುಖ್ಯಸ್ಥರಾಗಿದ್ದ ಕೋಫಿ ಅನ್ನಾನ್ ಇದ್ರಲ್ಲ ಹಾಗೆ. ಶನಿವಾರ ಕ್ವಾಮೆ, ಘಾನಾದ ಮೊದಲ ಅಧ್ಯಕ್ಷ ಕ್ವಾಮೆ ಎನ್‌ಕ್ರುಮಾ. ಸೋಮವಾರ ಕೋಜೋ. ಈಗ ಜಮೈಕಾದ ಇತಿಹಾಸ ತೆಗೀರಿ. ತೋಟಗಳಿಂದ ತಪ್ಪಿಸ್ಕೊಂಡು ಗುಡ್ಡ ಸೇರಿದ ಮರೂನ್‌ಗಳ ನಾಯಕ, 1739ರಲ್ಲಿ ಬ್ರಿಟಿಷರ ಕೈಲಿ ಒಪ್ಪಂದಕ್ಕೆ ಸಹಿ ಹಾಕಿಸ್ಕೊಂಡವನ ಹೆಸರು ಕಡ್ಜೋ. ಅದೇ ಕೋಜೋ! ಆ ಮರೂನ್‌ಗಳ ವಿಧಿ-ಹಾಡುಗಳ ಭಾಷೆಗೆ ಕ್ರೊಮಾಂತಿ ಅಂತಾರೆ, ಘಾನಾ ಕಡಲತಡಿಯ ಕೋಟೆಯ ಹೆಸರದು, ಭಾಷೆಯ ಬೇರೂ ಅಕಾನ್. ಜಮೈಕಾದ ಮಕ್ಕಳು ಕೇಳೋ ಅನಾನ್ಸಿ ಜೇಡನ ಕಥೆ ಇದೆಯಲ್ಲ, ತ್ವಿಯಲ್ಲಿ ಜೇಡಕ್ಕೆ ಅನಾನ್ಸೆ ಅಂತಲೇ ಹೆಸರು.

ಅಂದ್ರೆ ಹಾಡು ಹಡಗಲ್ಲಿ ಹೋಗಿ ಮೊಮ್ಮಗನಾಗಿ ಮನೆಗೆ ಬಂದಿದೆ. ತವರಿನ ಅಂಗಳದಲ್ಲಿ ಕುಣಿದ್ರೆ ಎರವಲು ಅಂತೀರಾ?

ಮಣ್ಣಿನ_ವಾಸ್ನೆ

ಚೆನ್ನಾಗಿದೆ, ಕಣ್ಣೀರು ಬರೋ ಹಾಗಿದೆ. ಆದ್ರೆ ಸ್ವಲ್ಪ ಸಕ್ಕರೆ ಜಾಸ್ತಿ ಆಯ್ತು ಶಿವು. 1985ರಲ್ಲಿ ಕಿಂಗ್‌ಸ್ಟನ್‌ನಲ್ಲಿ ಕ್ಯಾಸಿಯೋ ಕೀಬೋರ್ಡಿನ ಒಂದು ಬಟನ್ ತಾಳದಿಂದ 'ಸ್ಲೆಂಗ್ ಟೆಂಗ್' ರಿಡಿಮ್, ಅಂದ್ರೆ ಹಾಡಿನ ಕೆಳಗಿನ ತಾಳ-ವಾದ್ಯದ ಪಟ್ಟಿ, ಹುಟ್ಟಿ ಡಾನ್ಸ್‌ಹಾಲ್ ಕಂಪ್ಯೂಟರ್ ಕಾಲಕ್ಕೆ ಬಂತು. ಆ ಕ್ಯಾಸಿಯೋ ಜಪಾನಿನದು. ಜಪಾನೂ ತವರೇ? ಆಕ್ರಾದ ಹುಡುಗರು ಡಾನ್ಸ್‌ಹಾಲ್ ಕಲಿತದ್ದು ಮರೂನ್ ಅಜ್ಜಿಯಿಂದಲ್ಲ, ಕ್ಯಾಸೆಟ್ಟಿಂದ. ಶಾಟಾ ಜಮೈಕಾದ ಆಡುಮಾತಾದ ಪಾಟ್ವಾನ ಬೇಕಂತಲೇ ಅನುಕರಣೆ ಮಾಡ್ತಾನೆ, ಅದಕ್ಕೆ ಘಾನಾದಲ್ಲೇ ನಗೋರು ಇದಾರೆ.

ಸೌಂಡ್‌ಬಾಕ್ಸ್_ಶಿವು

ಕ್ಯಾಸೆಟ್ ಅಂತ ಒಪ್ತೀನಿ. ಆದ್ರೆ ರಿಡಿಮ್ ಅನ್ನೋ ಪದ್ಧತಿ ನೋಡಿ. ಒಂದು ತಾಳ-ವಾದ್ಯದ ಪಟ್ಟಿ ಮಾಡಿ ಬಿಟ್ರೆ ಹತ್ತು ಜನ ಅದರ ಮೇಲೆ ಹತ್ತು ಹಾಡು ಕಟ್ತಾರೆ. ಅದೇ ಚೌಕಟ್ಟಲ್ಲಿ ತ್ವಿಯೂ ಕೂತ್ಕೊಂಡಿತು ಅನ್ನೋದೇ ನನಗೆ ಮಜಾ.

ಕುಡ್ಲದ_ಹಂಚು

ಯಕ್ಷಗಾನದ ಮಟ್ಟು! ಒಂದೇ ಮಟ್ಟಿಗೆ ಬೇರೆ ಬೇರೆ ಪ್ರಸಂಗದ ಪದ ಕೂರಿಸುವುದು. ಈಗ ಅರ್ಥ ಆಯ್ತು ಮಾರಾಯ.

ಯಲ್ಲಾಪುರದ_ಕಾಡು

ನಮ್ಮಲ್ಲಿ ಸಿದ್ದಿ ಜನರ ಡಮಾಮಿ ಕುಣಿತ ಇದ್ದಲ್ಲ, ಅದಕ್ಕೂ ಈ ಘಾನಾ ತಾಳಕ್ಕೂ ಸಂಬಂಧ ಇದ್ದಾ? ಅವರೂ ಆಫ್ರಿಕಾದಿಂದ ಬಂದೋರೇ ಅಲ್ದಾ?

ಮಣ್ಣಿನ_ವಾಸ್ನೆ

ಇಲ್ಲ ಅಣ್ಣ. ಸಿದ್ದಿಗಳ ಮೂಲ ಆಫ್ರಿಕಾದ ಮೂಡಣ ಕಡಲತಡಿ, ಬಂದಿದ್ದು ಹೆಚ್ಚಾಗಿ ಗೋವಾದ ಪೋರ್ಚುಗೀಸರ ಮೂಲಕ. ಘಾನಾ ಪಡುವಣ ತಡಿ. ಆಫ್ರಿಕಾ ಅಂದ್ರೆ ಒಂದೂರಲ್ಲ, 54 ದೇಶ. ಮೂಡಣ ತಡಿಯ ಬಾಂಟು ಭಾಷೆಗಳಿಗೂ ತ್ವಿಗೂ ಇರೋ ದೂರ, ಬಂಗಾಳಿಗೂ ಇಂಗ್ಲಿಷಿಗೂ ಇದ್ದ ಹಾಗೆ ಅಂದ್ಕೊಳ್ಳಿ, ಒಂದೇ ದೊಡ್ಡ ಮನೆತನ, ಆದ್ರೆ ಬಹಳ ದೂರದ ನಂಟು.

ಯಲ್ಲಾಪುರದ_ಕಾಡು

ಸರಿ ಹೇಳಿದ್ರಿ. ಆದರೂ ಒಂದ್ಸಲ ಬಂದು ಡಮಾಮಿ ಕೇಳಿ, ಊಟ ನಮ್ಮನೇಲಿ.

ಸುಮ್ನೆ_ಓದೋಳು

ಈ ಹಾಡು ಮಾಡಿದ ಇಬ್ರೂ ಈಗ ಹೇಗಿದಾರೆ? ದೋಸ್ತ್‌ಗಳಾ?

ಸೌಂಡ್‌ಬಾಕ್ಸ್_ಶಿವು

2018ರಲ್ಲಿ ಕಿತ್ತಾಡಿದ್ರು. ಸಾರ್ಕೋಡಿ ಶಾಟಾಗೆ ಬುದ್ಧಿ ಹೇಳೋ ಹಾಡೇ ಬಿಟ್ಟ. ಶಾಟಾ-ಸ್ಟೋನ್‌ಬ್ವಾಯ್ ಜಗಳ ಇನ್ನೂ ದೊಡ್ಡದು, 2019ರ ಮೇ ತಿಂಗಳ ಸಂಗೀತ ಪ್ರಶಸ್ತಿ ವೇದಿಕೆ ಮೇಲೆ ಪಿಸ್ತೂಲು ಹೊರಬಂದು ಇಬ್ಬರಿಗೂ ನಿಷೇಧ ಆಯ್ತು. ಆಮೇಲೆ ರಾಜಿ. ಅದೇ ವರ್ಷ ಶಾಟಾ ಬಿಯಾನ್ಸೆ ಜೊತೆ ಹಾಡಿದ. ಅಲ್ಲಿಂದ ಇಲ್ಲಿಗೆ, ಇಲ್ಲಿಂದ ಅಲ್ಲಿಗೆ.

ಹಾವೇರಿ_ಹುಡ್ಗ

ಅವಲಕ್ಕಿ ತಿನ್ನಿಸ್ಬೇಕಿತ್ತು ನೋಡ್ರಿ ಮೊದಲ.

ಪ್ರಾಸಪ್ರಿಯೆ

ನನಗೊಂದು ಸಂಶಯ ಉಳೀತು. ತ್ವಿ ಸ್ವರಭಾರದ ಭಾಷೆ ಅಂತ ಓದಿದೀನಿ, ಏರು ದನಿ ಇಳಿ ದನಿ ಬದಲಾದ್ರೆ ಅರ್ಥವೇ ಬದಲು. ಹಾಗಿದ್ರೆ ಶಾಟಾ ರಾಗ ಎಳೆದಾಗ ಪದದ ಅರ್ಥ ಕೆಡಲ್ವಾ?

ಸೌಂಡ್‌ಬಾಕ್ಸ್_ಶಿವು

ನನ್ನ ಕಿವಿಗೆ ಅನ್ನಿಸಿದ್ದು ಹೇಳ್ತೀನಿ. ರ‍್ಯಾಪು ಮಾತಿನ ಹತ್ರ ಇರೋದ್ರಿಂದ ಏರಿಳಿತ ಮಾತಿನ ಹಾಗೇ ಉಳಿಯುತ್ತೆ. ಅದಕ್ಕೇ ಒಗಟು, ಗಾದೆ, ಚೇಷ್ಟೆ ಎಲ್ಲ ಸಾರ್ಕೋಡಿ ಪಾಲಿಗೆ. ಡಾನ್ಸ್‌ಹಾಲ್ ಭಾಗದಲ್ಲಿ ರಾಗ ಎಳೀಬೇಕು, ಅಲ್ಲಿ ಚಿಕ್ಕ ಪದ, ಮತ್ತೆ ಮತ್ತೆ ಅದೇ ಸಾಲು, ಮಧ್ಯೆ ಪಾಟ್ವಾ. ಒಬ್ಬ ಕಿವಿಗೆ, ಒಬ್ಬ ಸೊಂಟಕ್ಕೆ. ಟ್ರೋಟ್ರೋದಲ್ಲಿ ಹುಡುಗ್ರು ಕುಣಿದಿದ್ದು, ಮೇಟ್ ಚಿಲ್ಲರೆ ನಿಲ್ಲಿಸಿದ್ದು, ಎರಡೂ ಅದಕ್ಕೇ.

ತೇಮಾ_ರಿಟರ್ನ್

ಪ್ರಾಸದಕ್ಕಾ, ಏರಿಳಿತದ ವಿಷ್ಯ ನನ್ನ ಕೇಳಿ. 'ಪಾಪಾ' ಅಂತ ಒಂದು ಪದ. ಒಂದು ಥರ ಅಂದ್ರೆ 'ಒಳ್ಳೇದು', ಇನ್ನೊಂದು ಥರ 'ಅಪ್ಪ', ಮತ್ತೊಂದು ಥರ 'ಬೀಸಣಿಗೆ'. ಮನೆ ಹತ್ರ ಒಬ್ಬ ಆಂಟಿ ವಾಚೆ ಮಾರ್ತಿದ್ರು, ಅಲಸಂದೆ ಹಾಕಿದ ಅನ್ನ, ಎಲೇಲಿ ಸುತ್ತಿ ಮೇಲೆ ಶಿಟೋ. ಒಂದಿನ ಬಹಳ ಚೆನ್ನಾಗಿದೆ ಅಂತ ಹೊಗಳೋಕೆ ಹೋಗಿ ದನಿ ತಪ್ಪಿದೆ. ಆಂಟಿ ಸೌಟು ಕೆಳಗಿಟ್ಟು ಅಕ್ಕಪಕ್ಕದವರನ್ನೆಲ್ಲ ಕರೆದ್ರು. ಮಾರನೇ ದಿನದಿಂದ ನಾನು ಹೋದ್ರೆ ಸಾಕು, ರಟ್ಟಿನ ಚೂರು ತಗೊಂಡು ಅನ್ನಕ್ಕೆ ಗಾಳಿ ಬೀಸೋರು.

ಪ್ರಾಸಪ್ರಿಯೆ

ಅಯ್ಯೋ ಪಾಪ!

ಸುಮ್ನೆ_ಓದೋಳು

ಅಕ್ಕಾ, ಯಾವ ದನೀಲಿ ಅಂದ್ರಿ?

ತೇಮಾ_ರಿಟರ್ನ್

😂 ಈ ಚರ್ಚೆ ಪೂರ್ತಿ ಬಾವಮೈದನಿಗೆ ಕಳಿಸಿದೆ. ಓದಿ, "ಶಿಟೋ ಮಾಡೋದು ಹೇಗೆ ಅಂತ ಕೇಳು ಬಾವ" ಅಂದ. ಯಾರಿಗಾದ್ರೂ ಬರುತ್ತಾ? ಒಣಮೀನು, ಸೀಗಡಿ ಪುಡಿ ಹಾಕ್ತಾರೆ ಅನ್ನೋದು ಗೊತ್ತು, ಎಣ್ಣೆ ಲೆಕ್ಕ ಗೊತ್ತಿಲ್ಲ.

ಕುಡ್ಲದ_ಹಂಚು

ಒಣಮೀನು ಅಂದ್ರಾ? ಇರಿ, ನಮ್ಮ ಮನೆಯವರನ್ನು ಕರೀತೇನೆ.